28ಕ್ಕೇ ರಿಟೈರಾದ ಬಾಬಿ

ಕಳೆದ ಭಾನುವಾರ ನಮ್ಮ ಮನೆಯಲ್ಲಿ ಒಂದು ಷಟಲ್ ಬ್ಯಾಟು ಮುರಿಯಿತು. ಮುರಿದದ್ದು ಆಟದಲ್ಲಲ್ಲ, ಆಟ ಮುಗಿದ ಮೇಲೆ. ಆರನೇ ಕ್ಲಾಸಿನ ನನ್ನ ಮೊಮ್ಮಗ ಎದುರುಮನೆ ಹುಡುಗಿಯ ಮೇಲೆ ಸಾಲಾಗಿ ಮೂರು ಗೇಮ್ ಸೋತ. ಆ ಸಿಟ್ಟಿಗೆ ಬ್ಯಾಟನ್ನು ಕಾಂಪೌಂಡ್ ಗೋಡೆಗೆ ಬೀಸಿ ಒಗೆದ. ಅವನಮ್ಮ ಬೈದಳು. ಅವನಜ್ಜಿ, "ಬೈಬೇಡ ಬಿಡೇ, ಸೋತ ಮಗು" ಎಂದಳು. ಅವನು ಮಾತ್ರ ಮೂತಿ ಊದಿಸಿಕೊಂಡು, "ಇನ್ಮೇಲೆ ನಾನು ಆಡೋದೇ ಇಲ್ಲ" ಎಂದು ಜಗಲಿಯ ಮೂಲೆ ಹಿಡಿದ.

ನಾನು ಪೇಪರು ಮಡಿಸಿಟ್ಟು ಪಕ್ಕಕ್ಕೆ ಕರೆದೆ. "ಬಾರೋ ಇಲ್ಲಿ. ನಿನಗಿಂತ ಜೋರು ಸಿಟ್ಟಿನ ಹುಡುಗನೊಬ್ಬ ಇದ್ದ. ಅವನು ದೊಡ್ಡವನಾದ ಮೇಲೆ ಸಿನಿಮಾಕ್ಕೂ ಸೇರಿದ" ಎಂದೆ. ಸಿನಿಮಾ ಎಂದ ತಕ್ಷಣ ಕಿವಿ ಈ ಕಡೆ ತಿರುಗಿತು. ಅವನಿಗೆ ಹೇಳಿದ್ದನ್ನೇ ಈ ವಾರ ನಿಮಗೂ ಹೇಳುತ್ತೇನೆ ಮಕ್ಕಳೇ. ಅಜ್ಜ ಅಜ್ಜಿಯರೂ ಕೇಳಬಹುದು. ಅವರಿಗೆ ಬೇಕಾದ ಭಾಗ ಕೊನೆಯಲ್ಲಿದೆ.

ಆ ಹುಡುಗನ ಆಟ ಗಾಲ್ಫ್. ನಾನು ಗಾಲ್ಫ್ ಕೋಲನ್ನು ಕೈಯಲ್ಲಿ ಹಿಡಿದವನಲ್ಲ. ಬೆಂಗಳೂರಿನ ಹೈಗ್ರೌಂಡ್ಸ್‌ನಲ್ಲಿ 1876ರಷ್ಟು ಹಳೆಯ ಗಾಲ್ಫ್ ಕ್ಲಬ್ಬಿದೆ. ಹೆಡ್ಡಾಫೀಸಿಗೆ ಹೋಗುವಾಗ ಬಸ್ಸಿನ ಕಿಟಕಿಯಿಂದ ಅದರ ಹಸಿರು ನೋಡಿ, 'ಇಷ್ಟು ಜಾಗದಲ್ಲಿ ಎಷ್ಟು ರಾಗಿ ಬೆಳೀಬಹುದಿತ್ತು' ಎಂದು ಲೆಕ್ಕ ಹಾಕಿದ್ದಷ್ಟೇ ನನ್ನ ಗಾಲ್ಫು. ಆದರೂ ಆಟದ ನಿಯಮ ತಿಳಿಯುವುದು ಕಷ್ಟವಲ್ಲ. ದೊಡ್ಡ ಹುಲ್ಲು ಬಯಲಿನಲ್ಲಿ 18 ಕುಳಿಗಳಿರುತ್ತವೆ. ಒಂದೊಂದು ಕುಳಿಯ ಬಾಯಿ ನಾಲ್ಕೂಕಾಲು ಇಂಚು, ಹೆಚ್ಚುಕಡಿಮೆ ನಮ್ಮನೆ ಕಾಫಿ ಲೋಟ ಇಡುವ ತಟ್ಟೆಯಷ್ಟು. ನೂರಾರು ಗಜ ದೂರದಿಂದ ಕೋಲಿನಲ್ಲಿ ಚೆಂಡು ಹೊಡೆದು ಹೊಡೆದು ಕೊನೆಗೆ ಕುಳಿಗೆ ಬೀಳಿಸಬೇಕು. ಕಡಿಮೆ ಹೊಡೆತದಲ್ಲಿ ಮುಗಿಸಿದವರು ಗೆದ್ದರು. ಷಟಲ್‌ನಲ್ಲಿ ಎದುರಿನವರು ತಿರುಗಿ ಹೊಡೆಯುತ್ತಾರೆ, ಕ್ರಿಕೆಟ್‌ನಲ್ಲಿ ಬೌಲರ್ ಮೋಸ ಮಾಡುವ ಹಾಗೆ ಚೆಂಡು ತಿರುಗಿಸುತ್ತಾನೆ. ಗಾಲ್ಫಿನ ಚೆಂಡು ಸುಮ್ಮನೆ ನೆಲದ ಮೇಲೆ ಕೂತಿರುತ್ತದೆ. ತಪ್ಪಾದರೆ ಬೈಯಲು ಬೇರೆ ಯಾರೂ ಇರುವುದಿಲ್ಲ. ಸಿಟ್ಟಿನವರಿಗೆ ಇದಕ್ಕಿಂತ ಕಷ್ಟದ ಆಟ ಇರಲಾರದು.

ಬಾಬಿ ಹುಟ್ಟಿದ್ದು 1902ರ ಮಾರ್ಚ್ 17ರಂದು, ಅಮೆರಿಕದ ಜಾರ್ಜಿಯಾ ರಾಜ್ಯದ ಅಟ್ಲಾಂಟಾದಲ್ಲಿ. ಪೂರ್ತಿ ಹೆಸರು ರಾಬರ್ಟ್ ಟೈರ್ ಜೋನ್ಸ್, ಜೂನಿಯರ್. ಅದು ಅಜ್ಜನ ಹೆಸರು. ಮೊಮ್ಮಗನಿಗೆ ಅಜ್ಜನ ಹೆಸರಿಡುವ ರೂಢಿ ನಮ್ಮಲ್ಲಿ ಮಾತ್ರ ಇದೆ ಎಂದು ನಾನು ತಿಳಿದಿದ್ದೆ! ಅಪ್ಪ ವಕೀಲರು. ಬಾಬಿ ಚಿಕ್ಕಂದಿನಲ್ಲಿ ಕಡ್ಡಿಯಂಥ ಹುಡುಗ. ಐದು ವರ್ಷದವರೆಗೆ ಗಟ್ಟಿ ಆಹಾರ ಅವನ ಹೊಟ್ಟೆಗೆ ಒಗ್ಗುತ್ತಿರಲಿಲ್ಲ. ಹುಡುಗನ ಆರೋಗ್ಯ ಸುಧಾರಿಸಲಿ ಎಂದು ಮನೆಯವರು ಊರಾಚೆಯ ಈಸ್ಟ್ ಲೇಕ್ ಎಂಬಲ್ಲಿ ಗಾಲ್ಫ್ ಮೈದಾನದ ಪಕ್ಕಕ್ಕೆ ಹೋದರು. ಅಲ್ಲಿ ಸ್ಟೀವರ್ಟ್ ಮೇಡನ್ ಎಂಬ ಸ್ಕಾಟ್ಲೆಂಡಿನ ಗಾಲ್ಫ್ ಮೇಷ್ಟರು ಇದ್ದರು. ಬಾಬಿ ಅವರ ಹತ್ತಿರ ಪಾಠ ಹೇಳಿಸಿಕೊಳ್ಳಲಿಲ್ಲ. ಅವರ ಹಿಂದೆ ಹಿಂದೆ ಸುತ್ತುತ್ತ, ಅವರು ಕೋಲು ಬೀಸುವುದನ್ನು ನೋಡಿ ನೋಡಿ ಹಾಗೆಯೇ ಬೀಸಲು ಕಲಿತ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

14ನೇ ವಯಸ್ಸಿಗೇ ಅವನು ಅಮೆರಿಕದ ರಾಷ್ಟ್ರೀಯ ಅಮೆಚೂರ್ ಪಂದ್ಯಾವಳಿಗೆ ಹೋದ. ಕೈಯಲ್ಲಿ ವಿದ್ಯೆ ಇತ್ತು, ಜೊತೆಗೆ ಮೂಗಿನ ತುದಿಯಲ್ಲಿ ಕೋಪವೂ ಇತ್ತು. ಹೊಡೆತ ತಪ್ಪಿದರೆ ಕೋಲು ಒಗೆಯುತ್ತಿದ್ದ. 1921ರಲ್ಲಿ, 19ರ ವಯಸ್ಸಿನಲ್ಲಿ, ಗಾಲ್ಫಿನ ತವರು ಎನ್ನುವ ಸ್ಕಾಟ್ಲೆಂಡಿನ ಸೇಂಟ್ ಆಂಡ್ರೂಸ್‌ಗೆ ಹೋದ. ಮೂರನೇ ಸುತ್ತಿನ 11ನೇ ಕುಳಿಯ ಹತ್ತಿರ ಚೆಂಡು ಮರಳು ಗುಂಡಿಗೆ ಬಿತ್ತು. ತೆಗೆಯಲು ನೋಡಿದ, ಬರಲಿಲ್ಲ. ಚೆಂಡನ್ನು ಕೈಯಲ್ಲೇ ಎತ್ತಿಕೊಂಡು ಸ್ಪರ್ಧೆ ಬಿಟ್ಟುಕೊಟ್ಟ. ಅದೇ ವರ್ಷ ಅಮೆರಿಕದ ಪಂದ್ಯವೊಂದರಲ್ಲಿ ಅವನು ಒಗೆದ ಕೋಲು ನೋಡಲು ಬಂದಿದ್ದ ಹೆಂಗಸೊಬ್ಬರ ಕಾಲಿಗೆ ಬಡಿಯಿತು. ಕೋಪ ಹತೋಟಿಗೆ ಬರದಿದ್ದರೆ ನಮ್ಮ ಪಂದ್ಯಗಳಿಗೆ ಬರಬೇಡ ಎಂದು ಅಲ್ಲಿನ ಗಾಲ್ಫ್ ಸಂಘದ ಅಧ್ಯಕ್ಷರು ಅವನಿಗೆ ಪತ್ರ ಬರೆದರು.

"ಆಮೇಲೆ?" ಎಂದ ಮೊಮ್ಮಗ. ಅವನ ದೃಷ್ಟಿ ಮುರಿದ ಬ್ಯಾಟಿನ ಮೇಲಿತ್ತು.

ಆಮೇಲೆ ಪವಾಡವೇನೂ ಆಗಲಿಲ್ಲ. ಸಿಟ್ಟು ಒಂದೇ ದಿನ ಇಳಿಯುವ ಜ್ವರವಲ್ಲ. 1923ರಲ್ಲಿ ಅಮೆರಿಕದ ಓಪನ್ ಗೆದ್ದ, ಅದು ಮೊದಲ ದೊಡ್ಡ ಗೆಲುವು. ನಾನು ಹೇಳಬೇಕೆಂದಿರುವುದು ಅವನು ಗೆದ್ದ ಪಂದ್ಯವನ್ನಲ್ಲ, ಸೋತ ಪಂದ್ಯವನ್ನು. 1925ರ ಅಮೆರಿಕನ್ ಓಪನ್ ವೂಸ್ಟರ್ ಎಂಬ ಊರಿನಲ್ಲಿ ನಡೆಯಿತು. ಮೊದಲ ಸುತ್ತಿನ 11ನೇ ಕುಳಿಯಲ್ಲಿ ಚೆಂಡು ಎತ್ತರದ ಹುಲ್ಲಿನಲ್ಲಿತ್ತು. ಹೊಡೆಯಲೆಂದು ಕೋಲು ಹಿಡಿದು ನಿಂತಾಗ ಹುಲ್ಲು ಅಲುಗಿ ಚೆಂಡು ಒಂದು ಚೂರು ಸರಿಯಿತು. ಅದನ್ನು ಜೊತೆಗಾರ ನೋಡಲಿಲ್ಲ, ಅಂಪೈರು ನೋಡಲಿಲ್ಲ, ಜನ ನೋಡಲಿಲ್ಲ. ಬಾಬಿ ನೋಡಿದ. "ನನ್ನ ಚೆಂಡು ಸರಿಯಿತು, ನನಗೊಂದು ಹೊಡೆತ ದಂಡ ಹಾಕಿ" ಎಂದ. ಅಧಿಕಾರಿಗಳು ವಿಚಾರಿಸಿದರು, ಯಾರೂ ಕಂಡವರಿಲ್ಲ. ನಿನಗೆ ಬಿಟ್ಟಿದ್ದು ಎಂದರು. ಅವನು ಬರೆಸಿಯೇ ಬಿಟ್ಟ.

ನಾಲ್ಕು ಸುತ್ತು ಮುಗಿದಾಗ ಬಾಬಿಯದೂ ವಿಲ್ಲಿ ಮ್ಯಾಕ್‌ಫರ್ಲೇನ್ ಎಂಬ ಆಟಗಾರನದೂ ಸಮ ಲೆಕ್ಕ, ಇಬ್ಬರದೂ 291. ಮತ್ತೆ 18 ಕುಳಿ ಆಡಿದರು, ಮತ್ತೆ ಸಮ. ಇನ್ನೊಂದು 18 ಆಡಿದರು. ಬಾಬಿ ಒಂದೇ ಒಂದು ಹೊಡೆತದಿಂದ ಸೋತ. ಆ ಒಂದು ದಂಡ ಬರೆಸದೇ ಇದ್ದಿದ್ದರೆ ಈ ಹೆಚ್ಚುವರಿ ಆಟವೇ ಬೇಕಿರಲಿಲ್ಲ, ಕಪ್ಪು ಅವನದಾಗಿರುತ್ತಿತ್ತು.

ಪ್ರಾಮಾಣಿಕತೆಯನ್ನು ಯಾರೋ ಹೊಗಳಲು ಬಂದಾಗ ಬಾಬಿ ಹೇಳಿದ ಮಾತನ್ನು ನಾನು 40 ವರ್ಷದ ಹಿಂದೆಯೇ ಓದಿದ್ದೆ, ಇವತ್ತಿಗೂ ಮರೆತಿಲ್ಲ. ಬ್ಯಾಂಕು ದರೋಡೆ ಮಾಡಲಿಲ್ಲ ಎಂದು ನನ್ನನ್ನು ಹೊಗಳಿದ ಹಾಗಾಯಿತು ಎಂಬುದು ಆ ಮಾತಿನ ತಾತ್ಪರ್ಯ.

ಬ್ಯಾಂಕಿನಲ್ಲಿ ಬದುಕು ಸವೆಸಿದವನಿಗೆ ಈ ಮಾತು ಎಲ್ಲಿ ನಾಟುತ್ತದೆ ಎಂದು ನಿಮಗೆ ಹೇಗೆ ಹೇಳಲಿ! ನಾನು ಕ್ಯಾಶ್ ಕೌಂಟರಿನಲ್ಲಿದ್ದ ಹೊಸತು. ಒಂದು ಸಂತೆಯ ದಿನ ಸಂಜೆ ಎಣಿಸಿದರೆ ನಗದು 100 ರೂಪಾಯಿ ಹೆಚ್ಚಿದೆ. ಆಗಿನ ನನ್ನ ಸಂಬಳಕ್ಕೆ ಅದು ಸಣ್ಣ ದುಡ್ಡಲ್ಲ. ವೋಚರುಗಳನ್ನು ಮತ್ತೆ ಮತ್ತೆ ತಿರುವಿ ಹಾಕಿದೆ. ದನ ಮಾರಿದ ದುಡ್ಡು ಕಟ್ಟಲು ಬಂದಿದ್ದ ರೈತರೊಬ್ಬರು ಒಂದು ನೋಟು ಜಾಸ್ತಿ ಕೊಟ್ಟು ಹೋಗಿದ್ದರು. ಮರುದಿನ ಹೇಳಿ ಕಳಿಸಿ ವಾಪಸು ಕೊಟ್ಟೆ. ಮ್ಯಾನೇಜರು ಎಲ್ಲರೆದುರು ಬೆನ್ನು ತಟ್ಟಿದರು. ನಾನು ವಾರವಿಡೀ ಎದೆ ಉಬ್ಬಿಸಿಕೊಂಡು ಓಡಾಡಿದೆ, ಮದುವೆಯಾದ ಹೊಸದರಲ್ಲಿ ಹೆಂಡತಿಗೂ ಹೇಳಿದೆ. (ಅವಳು, "ಅವರ ದುಡ್ಡು ಅವರಿಗೆ ಕೊಟ್ರಿ, ಅದರಲ್ಲೇನಿದೆ?" ಎಂದಳು. ಅವಳು ಬಾಬಿ ಜೋನ್ಸ್ ಹೆಸರು ಕೇಳಿದವಳಲ್ಲ.) ಈಗ ನೆನೆದರೆ ಆ ಎದೆ ಉಬ್ಬಿಸಿದ್ದಕ್ಕೆ ಸ್ವಲ್ಪ ನಾಚಿಕೆಯಾಗುತ್ತದೆ.

ಇಲ್ಲಿಂದ ಮುಂದೆ ಬಾಬಿಯನ್ನು 'ಅವನು' ಎನ್ನಲು ನನ್ನ ನಾಲಿಗೆ ಏಳುವುದಿಲ್ಲ. ಜೋನ್ಸ್ ಅವರು ಎನ್ನೋಣ.

1923ರಿಂದ 1930ರವರೆಗೆ ಅವರು ಗೆದ್ದ ದೊಡ್ಡ ಪ್ರಶಸ್ತಿಗಳು 13. ಆಡುತ್ತಲೇ ಓದಿದರು. ಮೆಕ್ಯಾನಿಕಲ್ ಎಂಜಿನಿಯರಿಂಗ್ ಒಂದು ಡಿಗ್ರಿ, ಹಾರ್ವರ್ಡಿನಲ್ಲಿ ಇಂಗ್ಲಿಷ್ ಸಾಹಿತ್ಯ ಇನ್ನೊಂದು. ಆಮೇಲೆ ಕಾನೂನು ಓದುತ್ತಿದ್ದಾಗ ಕೋರ್ಸು ಮುಗಿಯುವ ಮುಂಚೆಯೇ ವಕೀಲಿ ಪರೀಕ್ಷೆ ಪಾಸು ಮಾಡಿದರು. ಮತ್ತೂ ಒಂದು ವಿಷಯ: ಇಷ್ಟು ಗೆದ್ದರೂ ಆಟದಿಂದ ಒಂದು ಕಾಸು ಸಂಪಾದಿಸಲಿಲ್ಲ. ಅವರು ಅಮೆಚೂರ್, ಅಂದರೆ ಹಣಕ್ಕಾಗಿ ಆಡದ ಆಟಗಾರ. ಊರಿನವರು ಮನೆಗೆಂದು ಪ್ರೀತಿಯಿಂದ ಕೊಟ್ಟ 50,000 ಡಾಲರನ್ನು ಕೂಡ ನಿಯಮದ ಪ್ರಶ್ನೆ ಬಂದಾಗ ಹಿಂದಿರುಗಿಸಿದರು.

1930ರಲ್ಲಿ ಒಂದೇ ವರ್ಷ ನಾಲ್ಕು ಪಂದ್ಯಾವಳಿ ಗೆದ್ದರು. ಬ್ರಿಟನ್ನಿನ ಅಮೆಚೂರ್, ಬ್ರಿಟನ್ನಿನ ಓಪನ್, ಅಮೆರಿಕದ ಓಪನ್, ಕೊನೆಗೆ ಸೆಪ್ಟೆಂಬರಿನಲ್ಲಿ ಅಮೆರಿಕದ ಅಮೆಚೂರ್. ಕೊನೆಯದು ನಡೆದದ್ದು ಮೆರಿಯನ್ ಮೈದಾನದಲ್ಲಿ, 14ನೇ ವಯಸ್ಸಿನಲ್ಲಿ ಕೋಲು ಒಗೆಯುತ್ತ ಆಡಿದ್ದ ಜಾಗದಲ್ಲೇ. ಈ ನಾಲ್ಕನ್ನೂ ಒಂದೇ ವರ್ಷದಲ್ಲಿ ಗೆದ್ದವರು ಹಿಂದೆ ಇರಲಿಲ್ಲ, ಇವತ್ತಿನವರೆಗೂ ಬಂದಿಲ್ಲ. ನ್ಯೂಯಾರ್ಕಿನ ಬೀದಿಯಲ್ಲಿ ಮೆರವಣಿಗೆ ಆಯಿತು, ಮಹಡಿಗಳಿಂದ ಕಾಗದದ ಚೂರು ಸುರಿದರು. ಎಲ್ಲರೂ ಮುಂದಿನ ವರ್ಷ ಏನು ಗೆಲ್ಲುತ್ತಾರೋ ಎಂದು ಕಾಯುತ್ತಿದ್ದಾಗ ನವೆಂಬರಿನಲ್ಲಿ ಜೋನ್ಸ್, ಸಾಕು, ಇನ್ನು ಸ್ಪರ್ಧೆ ಇಲ್ಲ ಎಂದುಬಿಟ್ಟರು. ಆಗ ವಯಸ್ಸು 28.

"ಗೆದ್ದ ಮೇಲೂ ಯಾಕೆ ಬಿಟ್ರು ಅಜ್ಜ?" ನನ್ನ ಮೊಮ್ಮಗ ಸೋತದ್ದಕ್ಕೆ ಬಿಡಬೇಕೆಂದವನು, ಗೆದ್ದವರು ಬಿಟ್ಟದ್ದು ಅವನಿಗೆ ಅರ್ಥವೇ ಆಗಲಿಲ್ಲ.

ಪಂದ್ಯದ ದಿನಗಳಲ್ಲಿ ಜೋನ್ಸ್ ಅವರಿಗೆ ಊಟ ಸೇರುತ್ತಿರಲಿಲ್ಲ. ಒಂದು ಪಂದ್ಯಾವಳಿ ಮುಗಿಯುವಷ್ಟರಲ್ಲಿ ಮೈ ತೂಕ ಇಳಿದಿರುತ್ತಿತ್ತು. ಕೋಲು ಒಗೆಯುವುದು ನಿಂತಿತ್ತು ನಿಜ, ಆ ಸಿಟ್ಟೆಲ್ಲ ಒಳಗೇ ಅರಗುತ್ತಿತ್ತು. ಮನೆಯಲ್ಲಿ ಹೆಂಡತಿ, ಪುಟ್ಟ ಮಕ್ಕಳು, ಜೊತೆಗೆ ವಕೀಲಿ ಕಚೇರಿ. ಗೆಲ್ಲಬೇಕಾದದ್ದು ಏನೂ ಉಳಿದಿರಲಿಲ್ಲ.

ಈಗ ಸಿನಿಮಾ. ಹಾಲಿವುಡ್ಡಿನ ವಾರ್ನರ್ ಬ್ರದರ್ಸ್ ಕಂಪನಿಯವರು ಕರೆದರು. ಮಾತನಾಡುವ ಸಿನಿಮಾ ಬಂದು ಆಗಿನ್ನೂ ಮೂರು ವರ್ಷ. ಮುಖ್ಯ ಚಿತ್ರಕ್ಕೆ ಮುಂಚೆ ಹತ್ತು ನಿಮಿಷದ ಕಿರುಚಿತ್ರ ತೋರಿಸುವ ಪದ್ಧತಿ ಇತ್ತು. ನಮ್ಮ ಕಾಲದಲ್ಲಿ ನ್ಯೂಸ್ ರೀಲ್ ಬರುತ್ತಿತ್ತಲ್ಲ, ಅಜ್ಜಂದಿರಿಗೆ ನೆನಪಿರುತ್ತದೆ. ಅಂಥ 12 ಕಿರುಚಿತ್ರಗಳಲ್ಲಿ ಜೋನ್ಸ್ ಗಾಲ್ಫ್ ಹೇಳಿಕೊಡಬೇಕು. ಸಂಭಾವನೆ ಒಂದು ಲಕ್ಷ ಡಾಲರಿಗೂ ಹೆಚ್ಚು. ದೇಶ ಆರ್ಥಿಕ ಕುಸಿತದಲ್ಲಿ ಮುಳುಗಿ ಜನ ಸೂಪಿಗಾಗಿ ಸಾಲು ನಿಂತಿದ್ದ ಹೊತ್ತಿನಲ್ಲಿ ಅದು ಭಾರೀ ಮೊತ್ತ.

ನನಗೆ ಇಷ್ಟವಾಗುವುದು ಆ ಹಣ ತೆಗೆದುಕೊಂಡ ರೀತಿ. ಸಿನಿಮಾದಲ್ಲಿ ಪಾಠ ಹೇಳಿದರೆ ಅಮೆಚೂರ್ ನಿಯಮ ಮುರಿದಂತೆಯೋ ಅಲ್ಲವೋ, ಅಕ್ಷರಶಃ ನೋಡಿದರೆ ವಾದಕ್ಕೆ ಜಾಗವಿತ್ತು. ಅವರೇ ವಕೀಲರು, ವಾದ ಮಾಡಬಹುದಿತ್ತು. ಮಾಡಲಿಲ್ಲ. ನಿಯಮದ ಅಕ್ಷರಕ್ಕೆ ಇದು ವಿರುದ್ಧವೋ ಏನೋ, ಅದರ ಆಶಯಕ್ಕಂತೂ ವಿರುದ್ಧ, ಆದ್ದರಿಂದ ಇನ್ನು ನಾನು ಅಮೆಚೂರ್ ಅಲ್ಲ ಎಂದರೂ ಒಪ್ಪುತ್ತೇನೆ ಎಂದು ತಾವೇ ಪ್ರಕಟಿಸಿದರು. ಅಲುಗಿದ ಚೆಂಡಿಗೆ ದಂಡ ಬರೆಸಿದ ಕೈಯೇ ಇಲ್ಲೂ ಸಹಿ ಹಾಕಿತು.

1931ರಲ್ಲಿ ಲಾಸ್ ಏಂಜಲೀಸಿನ ಗಾಲ್ಫ್ ಮೈದಾನಗಳಲ್ಲಿ ಚಿತ್ರೀಕರಣ ನಡೆಯಿತು. ಸರಣಿಯ ಹೆಸರಿನ ಅರ್ಥ 'ನಾನು ಗಾಲ್ಫ್ ಆಡುವ ಬಗೆ'. 'ಹೇಗೆ ಆಡಬೇಕು' ಅಲ್ಲ, ಗಮನಿಸಿ. ನಿರ್ದೇಶಕರು ಜಾರ್ಜ್ ಮಾರ್ಷಲ್. ಒಂದೊಂದು ಕೋಲಿಗೆ ಒಂದೊಂದು ಕಂತು ಎಂಬಂತೆ ಮಾಡಿದರು. ಆಗ ಕೋಲುಗಳಿಗೆ ನಂಬರಿರಲಿಲ್ಲ, ಹೆಸರಿತ್ತು: ಪಟ್ಟರ್, ಮ್ಯಾಶಿ, ನಿಬ್ಲಿಕ್, ಸ್ಪೂನ್, ಬ್ರಾಸಿ! ಮೊಮ್ಮಗ 'ನಿಬ್ಲಿಕ್' ಕೇಳಿ ಬಿದ್ದು ಬಿದ್ದು ನಕ್ಕ, ನಮ್ಮ ನಾಯಿಮರಿಗೆ ಆ ಹೆಸರೇ ಇಡೋಣ ಎಂದ.

ಬರೀ ಪಾಠವಾದರೆ ಥಿಯೇಟರಿನಲ್ಲಿ ಜನ ಕಡಲೆಕಾಯಿ ತಿನ್ನುತ್ತ ಹರಟೆಗೆ ಕೂರುತ್ತಾರೆ. ಅದಕ್ಕೆ ಸುತ್ತ ಒಂದು ತಮಾಷೆ ಕಥೆ ಹೆಣೆದರು. ಕೋಲು ನೆಟ್ಟಗೆ ಹಿಡಿಯಲು ಬಾರದವರು ಒದ್ದಾಡುತ್ತಿರುತ್ತಾರೆ, ಜೋನ್ಸ್ ಬಂದು ಮೆಲ್ಲನೆ ತಿದ್ದುತ್ತಾರೆ. ಒದ್ದಾಡುವ ಪಾತ್ರಗಳಿಗೆ ಜೇಮ್ಸ್ ಕ್ಯಾಗ್ನಿ, ಎಡ್ವರ್ಡ್ ಜಿ. ರಾಬಿನ್ಸನ್, ಲೊರೆಟ್ಟಾ ಯಂಗ್, ಡಬ್ಲ್ಯೂ. ಸಿ. ಫೀಲ್ಡ್ಸ್, ಜೋ ಇ. ಬ್ರೌನ್ ಅವರಂಥ ತಾರೆಯರು ಬಂದರು. ಪರದೆಯ ಮೇಲೆ ಬಂದೂಕು ಹಿಡಿದು ಊರನ್ನೇ ನಡುಗಿಸುವ ಕ್ಯಾಗ್ನಿ ಇಲ್ಲಿ ವಿದ್ಯಾರ್ಥಿ. ಅವರಲ್ಲಿ ಯಾರೂ ದುಡ್ಡು ತೆಗೆದುಕೊಳ್ಳಲಿಲ್ಲ. ಬಾಬಿ ಜೋನ್ಸ್ ಹತ್ತಿರ ಪುಕ್ಕಟೆ ಗಾಲ್ಫ್ ಪಾಠ ಸಿಗುವುದಾದರೆ ಸಂಬಳ ಯಾಕೆ ಎಂಬ ಲೆಕ್ಕ. 1933ರಲ್ಲಿ ಇನ್ನೂ ಆರು ಕಂತು ಮಾಡಿದರು. ಈ ನಡುವೆ ರೇಡಿಯೋದಲ್ಲೂ ಮಾತಾಡಿದರು.

ಸೊಸೆಯ ಮೊಬೈಲಿನಲ್ಲಿ ಒಂದು ತುಣುಕು ಹುಡುಕಿಸಿ ನಾವು ಅಜ್ಜ ಮೊಮ್ಮಗ ನೋಡಿದೆವು. ಕಪ್ಪು ಬಿಳುಪು. ಎಣ್ಣೆ ಹಾಕಿ ಬಾಚಿದ ತಲೆ, ಕುತ್ತಿಗೆಗೆ ಟೈ, ಮೊಣಕಾಲ ಕೆಳಗೆ ಕಟ್ಟಿದ ಜೋಲು ಪ್ಯಾಂಟು. ಅಟ್ಲಾಂಟಾದ ನಿಧಾನದ ಮಾತು. ಹೊಡೆತವನ್ನು ಮೊದಲು ಮಾಮೂಲು ವೇಗದಲ್ಲಿ, ಆಮೇಲೆ ಸ್ಲೋ ಮೋಷನ್ನಿನಲ್ಲಿ ತೋರಿಸುತ್ತಾರೆ. ಕೋಲು ಮೇಲೆ ಹೋಗುತ್ತದೆ, ಸೊಂಟ ತಿರುಗುತ್ತದೆ, ಆತುರವೇ ಇಲ್ಲದೆ ಕೆಳಗಿಳಿಯುತ್ತದೆ. ನನಗೆ ಗಾಲ್ಫ್ ಬಾರದಿದ್ದರೂ, ಒಳ್ಳೆಯ ಅಡಿಗೆಭಟ್ಟರು ಹಪ್ಪಳ ತಿರುವಿ ಹಾಕುವಾಗ ಕಾಣುವಂಥ ನಿರಾಯಾಸ ಅಲ್ಲಿ ಕಂಡಿತು. ಸ್ಟೀವರ್ಟ್ ಮೇಡನ್ನರನ್ನು ನೋಡಿ ನೋಡಿ ಕಲಿತ ಹುಡುಗ, ದೊಡ್ಡವನಾಗಿ ಲಕ್ಷಾಂತರ ಜನ ತನ್ನನ್ನು ನೋಡಿ ನೋಡಿ ಕಲಿಯುವ ಹಾಗೆ ಮಾಡಿದ. ನೋಡಿ, ಮತ್ತೆ ಏಕವಚನ ಬಂತು.

ಹೀಗೆ ಬಣ್ಣದ ಲೋಕಕ್ಕೆ ಹೋದ ಗಾಲ್ಫಿಗರು ಇನ್ನೂ ಇದ್ದಾರೆ. 1932ರ ಒಲಿಂಪಿಕ್ಸಿನಲ್ಲಿ ಜಾವೆಲಿನ್ ಮತ್ತು ಹರ್ಡಲ್ಸಿನಲ್ಲಿ ಚಿನ್ನ ಗೆದ್ದು, ಆಮೇಲೆ ಗಾಲ್ಫಿನಲ್ಲೂ ರಾಣಿಯಾದ ಬೇಬ್ ಜಹಾರಿಯಸ್ 1952ರ 'ಪ್ಯಾಟ್ ಅಂಡ್ ಮೈಕ್' ಚಿತ್ರದಲ್ಲಿ ಬೇಬ್ ಆಗಿಯೇ ಬಂದರು. ಬಡಗಿಯ ಮಗ ಜೀನ್ ಸಾರಜೆನ್, ಜೋನ್ಸ್ ಅವರ ಓರಗೆಯವರು. ಆರು ದಶಕ ದಾಟಿದ ವಯಸ್ಸಿನಲ್ಲಿ ಟಿವಿಯಲ್ಲಿ ದೇಶದೇಶಗಳ ಗಾಲ್ಫ್ ಮೈದಾನ ತೋರಿಸುವ ಕಾರ್ಯಕ್ರಮ ನಡೆಸಿದರು. ನಿವೃತ್ತರು ಗಮನಿಸಬೇಕು.

ಜೋನ್ಸ್ ಅಗಸ್ಟಾ ಎಂಬಲ್ಲಿ ತಮ್ಮದೇ ಮೈದಾನ ಕಟ್ಟಿಸಿದರು. 1934ರಲ್ಲಿ ಅಲ್ಲಿ ಶುರುವಾದ ಪಂದ್ಯಾವಳಿಯೇ ಇಂದಿನ ಮಾಸ್ಟರ್ಸ್. 1956ರಿಂದ ಅದು ಟಿವಿಯಲ್ಲಿ ಬರತೊಡಗಿತು. ಇಲ್ಲಿ ಒಂದು ಮಾತು ಮುಚ್ಚಿಡಬಾರದು. ಆ ಮೈದಾನದಲ್ಲಿ ಕೋಲಿನ ಚೀಲ ಹೊರುತ್ತಿದ್ದವರು ಕಪ್ಪು ಜನ. ಆದರೆ ಕಪ್ಪು ಆಟಗಾರರೊಬ್ಬರು, ಲೀ ಎಲ್ಡರ್, ಅಲ್ಲಿ ಮಾಸ್ಟರ್ಸ್ ಆಡಿದ್ದು 1975ರಲ್ಲಿ. ಕಪ್ಪು ಸದಸ್ಯರೊಬ್ಬರನ್ನು ಕ್ಲಬ್ಬು ಸೇರಿಸಿಕೊಂಡದ್ದು 1990ರಲ್ಲಿ. ತನ್ನ ಚೆಂಡು ಕೂದಲೆಳೆಯಷ್ಟು ಸರಿದದ್ದು ಕಂಡ ಕಣ್ಣಿಗೆ ಇದು ಕಾಣಲಿಲ್ಲವೇ? ನಾನು ಜೋನ್ಸ್ ಅವರ ಅಭಿಮಾನಿ, ಆದರೂ ಈ ಪ್ರಶ್ನೆಗೆ ಸಮಾಧಾನ ಹೇಳಲು ನನ್ನಿಂದ ಆಗದು.

ಇನ್ನು ಅಜ್ಜ ಅಜ್ಜಿಯರ ಭಾಗ. 1948ರಲ್ಲಿ, 46ನೇ ವಯಸ್ಸಿನಲ್ಲಿ, ಜೋನ್ಸ್ ಅವರ ಕೈಕಾಲಿನ ಶಕ್ತಿ ಕುಗ್ಗತೊಡಗಿತು. ಬೆನ್ನುಹುರಿಯ ಒಳಗೆ ನೀರು ತುಂಬಿದ ಟೊಳ್ಳು ಬೆಳೆದು ನರಗಳನ್ನು ಹಾಳುಮಾಡುವ ರೋಗ ಅದು. ಆ ವರ್ಷವೇ ಕೊನೆಯ ಆಟ. ಮೊದಲು ಒಂದು ಊರುಗೋಲು, ಆಮೇಲೆ ಎರಡು, ಆಮೇಲೆ ಕಾಲಿಗೆ ಪಟ್ಟಿ, ಕೊನೆಗೆ ಗಾಲಿ ಕುರ್ಚಿ. ಬೆರಳುಗಳು ಸುರುಟಿಕೊಂಡವು. ಹಾಗಿದ್ದರೂ ಪ್ರತಿ ಏಪ್ರಿಲ್ ಮಾಸ್ಟರ್ಸ್ ಮುಗಿದಾಗ ಟಿವಿ ಕ್ಯಾಮೆರಾದ ಮುಂದೆ ಕೂತು ಗೆದ್ದವರನ್ನು ನಗುತ್ತ ಮಾತಾಡಿಸುತ್ತಿದ್ದರು. ಕಾಯಿಲೆಯ ಮಾತು ಎತ್ತುತ್ತಿರಲಿಲ್ಲ. ಚೆಂಡು ಎಲ್ಲಿ ಬಿದ್ದಿದೆಯೋ ಅಲ್ಲಿಂದಲೇ ಆಡಬೇಕು ಎಂಬುದು ಗಾಲ್ಫಿನ ನಿಯಮ, ಅವರು ಅದನ್ನೇ ಪಾಲಿಸಿದರು.

1958ರಲ್ಲಿ ಸೇಂಟ್ ಆಂಡ್ರೂಸ್ ಊರಿನವರು ಅವರನ್ನು ಕರೆದು ಊರಿನ ಗೌರವ ಪೌರತ್ವ ಕೊಟ್ಟರು. ಅದಕ್ಕೆ ಮುಂಚೆ ಅದು ಸಿಕ್ಕಿದ್ದ ಅಮೆರಿಕನ್ ಎಂದರೆ ಬೆಂಜಮಿನ್ ಫ್ರಾಂಕ್ಲಿನ್, 1759ರಲ್ಲಿ. 19ರ ವಯಸ್ಸಿನಲ್ಲಿ ಚೆಂಡು ಎತ್ತಿಕೊಂಡು ಹೊರನಡೆದ ಅದೇ ಊರು! ನನ್ನ ಬದುಕಿನಿಂದ ಬೇರೆಲ್ಲವನ್ನೂ ತೆಗೆದರೂ ಈ ಊರಿನ ಅನುಭವಗಳಷ್ಟರಿಂದಲೇ ಅದು ತುಂಬಿದ ಬದುಕಾಗಿರುತ್ತದೆ ಎಂಬರ್ಥದ ಮಾತನ್ನು ಅಲ್ಲಿ ಹೇಳಿದರು. ಸಭೆ ಮುಗಿಸಿ ಹೊರಡುವಾಗ ಜನ ಹಳೆಯ ಸ್ಕಾಟಿಷ್ ಬೀಳ್ಕೊಡುಗೆ ಹಾಡು ಹಾಡಿದರು. ಅವರು ತೀರಿಕೊಂಡದ್ದು 1971ರ ಡಿಸೆಂಬರ್ 18ರಂದು. ಸುದ್ದಿ ಬಂದಾಗ ಸೇಂಟ್ ಆಂಡ್ರೂಸ್ ಮೈದಾನದಲ್ಲಿ ಆಡುತ್ತಿದ್ದವರು ಆಟ ನಿಲ್ಲಿಸಿದರಂತೆ.

ಆ ಕಿರುಚಿತ್ರಗಳನ್ನು ಜನ ಎಷ್ಟೋ ವರ್ಷ ಮರೆತೇಬಿಟ್ಟಿದ್ದರು. 1980ರ ದಶಕದಲ್ಲಿ ವೀಡಿಯೋ ಕ್ಯಾಸೆಟ್ಟಾಗಿ ಮತ್ತೆ ಬಂದವು.

ಮೊಮ್ಮಗ ಮೊಬೈಲ್ ಹಿಡಿದುಕೊಂಡು ಸ್ವಲ್ಪ ಹೊತ್ತು ಸುಮ್ಮನಿದ್ದ. "ಇವರಿಗೆ ಆಮೇಲೆ ನಡೆಯೋಕೂ ಆಗ್ಲಿಲ್ವಾ ಅಜ್ಜ?" ಎಂದ. ಇಲ್ಲ ಕಣಪ್ಪ ಎಂದೆ. "ಆದ್ರೆ ಇದರಲ್ಲಿ ಹೊಡೀತಾನೇ ಇದಾರೆ" ಎಂದು ಮತ್ತೆ ಮೊದಲಿನಿಂದ ಹಾಕಿದ. ಮೂರನೆಯ ಸಲವೂ ನೋಡಿದೆವು.

ಬ್ಯಾಟಿನ ವಿಷಯ: ಹೊಸದು 650 ರೂಪಾಯಿ. ಅರ್ಧ ಅವನ ಹುಂಡಿಯಿಂದ, ಅರ್ಧ ನನ್ನ ಪಿಂಚಣಿಯಿಂದ ಎಂದು ಒಪ್ಪಂದವಾಗಿದೆ. ಹುಂಡಿ ಒಡೆದು ಎಣಿಸಿದಾಗ ಅವನ ಪಾಲಿಗೆ 40 ರೂಪಾಯಿ ಕಡಿಮೆ ಬಿತ್ತು. ಸಾಲ ಎಂದು ಬರೆದುಕೊಂಡಿದ್ದೇನೆ, ಬಡ್ಡಿ ಇಲ್ಲ.